ನೀರು ವಿಮಾನದ ಗಾಲಿಗಳು

ನಮ್ಮೂರು ಚನ್ನಪಟ್ಟಣದಲ್ಲಿ ಮೈಸೂರು ರಸ್ತೆಯ ಬದಿಯ ಯಾವ ಬೊಂಬೆ ಅಂಗಡಿಗೆ ಹೋದರೂ ಗಾಲಿ ಹಾಕಿದ ಮರದ ಬಾತುಕೋಳಿ ಸಿಗುತ್ತದೆ. ಎದೆಗೆ ದಾರ ಕಟ್ಟಿ ಎಳೆದರೆ ಟಕಟಕ ಸದ್ದು ಮಾಡುತ್ತ ಹಿಂದೆ ಬರುತ್ತದೆ. ಕಾರು ನಿಲ್ಲಿಸಿ ಇಳಿದವರು ಅದನ್ನು ಕೈಗೆತ್ತಿಕೊಂಡು ನಗುತ್ತಾರೆ. ಬಾತುಕೋಳಿಗೆ ಗಾಲಿ ಯಾಕಮ್ಮ ಎಂದು ಕೇಳುತ್ತಾರೆ. ಇಷ್ಟು ವರ್ಷ ಅಂಗಡಿಯಲ್ಲಿ ಕೂತರೂ ನಾನು ಆ ಪ್ರಶ್ನೆಗೆ ಒಮ್ಮೆಯೂ ನೆಟ್ಟಗೆ ಉತ್ತರ ಕೊಟ್ಟಿಲ್ಲ. ಬೇಕಾದರೆ ತಗೊಳ್ಳಿ, ಬೇಡದಿದ್ದರೆ ಇದ್ದ ಜಾಗದಲ್ಲಿ ಇಡಿ ಅನ್ನುತ್ತೇನೆ. ನನ್ನ ಬಾಯಿ ಜೋರು ಅಂತ ಇಡೀ ಬೀದಿಗೆ ಗೊತ್ತು. ಇಂಥ ಬಾಯಿಬಡುಕಿ ಒಂದೇ ಒಂದು ವಿಷಯದಲ್ಲಿ ಬಾಯಿ ಬಿಡಲಿಲ್ಲ. ಈಗ ಬರೆಯುತ್ತಿರುವುದು ಅದನ್ನೇ.

ನಮ್ಮಪ್ಪ ಬೊಂಬೆ ಕಡೆಯುವವನು. ಮರ ತಿರುಗಿಸಿ ಕಡೆಯುವ ಲೇತು ಸ್ವಂತದ್ದು ಇರಲಿಲ್ಲ, ನಮ್ಮ ಬೀದಿಯ ಮೇಸ್ತ್ರಿಯೊಬ್ಬನ ಲೇತಿನಲ್ಲಿ ಕೂಲಿಗೆ ಕೂರುತ್ತಿದ್ದ. ಸ್ವಾತಂತ್ರ್ಯಕ್ಕೆ ಮುಂಚೆ, ಯುದ್ಧ ನಡೆಯುತ್ತಿದ್ದಾಗ, ಇಪ್ಪತ್ತರ ಹುಡುಗನಾಗಿದ್ದ ಅವನು ಬೆಂಗಳೂರಿಗೆ ಹೋಗಿ ವಿಮಾನ ರಿಪೇರಿ ಮಾಡುವ ಕಾರ್ಖಾನೆಯಲ್ಲಿ ಬಡಗಿ ಕೆಲಸ ಮಾಡಿದ್ದ. ಅಲ್ಲಿಗೆ ಬರುತ್ತಿದ್ದ ಕೆಲವು ವಿಮಾನಗಳು ನೆಲಕ್ಕಿಳಿಯದೆ ಹತ್ತಿರದ ಕೆರೆಯೊಳಗೆ ಇಳಿಯುತ್ತಿದ್ದವಂತೆ. ಯುದ್ಧ ಮುಗಿಯಿತು, ಕೆಲಸವೂ ಮುಗಿಯಿತು. ಅಪ್ಪ ಊರಿಗೆ ವಾಪಸ್ ಬಂದಾಗ ತಂದದ್ದು ಈ ಕತೆಯೊಂದನ್ನೇ.

"ಅದರ ಹೊಟ್ಟೆ ಥೇಟ್ ಬಾತುಕೋಳಿ ಹೊಟ್ಟೆ ಕಣವ್ವ. ಎದೆ ಮೊದ್ಲು ನೀರಿಗೆ ತಾಕ್ತಿತ್ತು. ಎಲ್ಡೂ ಕಡೀಕೆ ನೀರು ಸೀಳ್ಕಂಡು ಬಂದು ನಿಂತ್ಕಳದು. ಆಮ್ಯಾಕೆ ನಾವು ನೀರಿಗೆ ಇಳ್ದು, ಹೊಟ್ಟೆ ಕೆಳೀಕೆ ಗಾಲಿ ಕಟ್ಟಿ, ಹಗ್ಗ ಹಾಕಿ ದಡಕ್ಕೆ ಎಳ್ಕಂಡು ಬತ್ತಿದ್ದೊ" ಅನ್ನುತ್ತಿದ್ದ.

ನನ್ನ ಅವ್ವ ನಾನು ಚಿಕ್ಕವಳಿದ್ದಾಗಲೇ ತೀರಿಕೊಂಡಿದ್ದಳು. ಮನೆಯಲ್ಲಿ ಇದ್ದವರು ಅಪ್ಪ, ನಾನು ಇಬ್ಬರೇ. ರಜೆಯ ದಿನ ಅವನು ನನ್ನನ್ನು ಕೂಡ್ಲೂರು ಕೆರೆ ಏರಿಗೆ ಕರೆದುಕೊಂಡು ಹೋಗುತ್ತಿದ್ದ. ಚಳಿಗಾಲದಲ್ಲಿ ಅಲ್ಲಿಗೆ ಕಾಡುಬಾತುಗಳು ಬರುತ್ತಿದ್ದವು. ನೀರುಕೋಳಿಗಳು ಜೊಂಡಿನೊಳಗೆ ನುಗ್ಗಿ ಕೂಗಾಡುತ್ತಿದ್ದವು, ನೀರುಕಾಗೆಗಳು ಬಂಡೆಯ ಮೇಲೆ ರೆಕ್ಕೆ ಹರಡಿ ಒಣಗಿಸುತ್ತಿದ್ದವು. ಅಪ್ಪನಿಗೆ ಅವು ಯಾವುವೂ ಬೇಕಿರಲಿಲ್ಲ. ಬಾತು ನೀರಿಗೆ ಇಳಿಯುವ ಗಳಿಗೆಗೆ ಕಾಯುತ್ತಿದ್ದ. ಅದು ಕಾಲು ಮುಂದಕ್ಕೆ ಚಾಚಿ, ಎದೆ ಒತ್ತಿ ನೀರು ಸೀಳಿಕೊಂಡು ಬಂದು ನಿಂತರೆ ನನ್ನ ತೋಳು ಹಿಡಿದು, "ನೋಡ್ದಾ? ಹಿಂಗೇ. ಹಿಂಗೇ ಇಳೀತಿತ್ತು" ಅನ್ನುತ್ತಿದ್ದ. ಚಿಕ್ಕಂದಿನಲ್ಲಿ ನಾನೂ ನೋಡಿದೆ ನೋಡಿದೆ ಅಂತ ಕುಣಿಯುತ್ತಿದ್ದೆ.

ಊರಿನವರು ಕುಣಿಯಲಿಲ್ಲ. ವಿಮಾನ ಕೆರೆಗೆ ಇಳಿಯುತ್ತಿತ್ತು ಅನ್ನುವುದನ್ನು ಹೇಗೋ ನುಂಗಿಕೊಂಡರು. ಗಾಲಿಯ ಮಾತು ಬಂದಾಗ ಮಾತ್ರ ಟೀ ಅಂಗಡಿಯೇ ಬಿದ್ದು ಬಿದ್ದು ನಗುತ್ತಿತ್ತು. ಮೇಸ್ತ್ರಿಗಂತೂ ಅದು ದಿನನಿತ್ಯದ ಊಟ. "ಏನ್ಲಾ ಬಾತು ಪೈಲೆಟ್ಟು, ನೀರಿಗೆ ಇಳಿಯೋ ವಿಮಾನಕ್ಕೆ ಗಾಲಿ ಯಾಕ್ಲಾ? ಮೀನೇನು ರೋಡು ಹಾಕಿದ್ವಾ ಒಳಗೆ?" ಎಂದು ಕೇಳುತ್ತಿದ್ದ. ಅಪ್ಪ ಪ್ರತಿ ಸಲವೂ, ನಿಜವಾಗಿ ಗೊತ್ತಿಲ್ಲದವನಿಗೆ ತಿಳಿಸುವ ಹಾಗೆ, ಮೊದಲಿಂದ ಕೊನೆಯವರೆಗೆ ಹೇಳುತ್ತಿದ್ದ. ಪುಣ್ಯಾತ್ಮನಿಗೆ ಸಿಟ್ಟೇ ಬರುತ್ತಿರಲಿಲ್ಲ. ಅವನ ಪಾಲಿನ ಸಿಟ್ಟೂ ನನಗೇ ಬಂತು. ಹೈಸ್ಕೂಲು ಸೇರಿದ ಮೇಲೆ 'ಬಾತು ಪೈಲೆಟ್ ಮಗಳು' ಎಂಬ ಹೆಸರು ನನಗೂ ಅಂಟಿತು. ನಾನು ಕೆರೆಗೆ ಹೋಗುವುದನ್ನು ನಿಲ್ಲಿಸಿದೆ.

ನಾನು ಒಂಬತ್ತನೇ ಕ್ಲಾಸಿನಲ್ಲಿದ್ದಾಗ ಊರಿನ ಸರ್ಕಾರಿ ಬೊಂಬೆ ತರಬೇತಿ ಕೇಂದ್ರದವರು ಹೊಸ ನಮೂನೆಯ ಬೊಂಬೆ ಮಾಡಿ ತನ್ನಿ ಎಂದು ಕರೆದರು. ಆರಿಸಿಕೊಂಡ ನಮೂನೆ ಯಾರದೋ ಅವರಿಗೆ ಕೇಂದ್ರದಲ್ಲೇ ಕೆಲಸ ಕಲಿಸುವ ಜಾಗ, ಕೂರಲು ಅವರದೇ ಒಂದು ಲೇತು. ಇನ್ನೊಬ್ಬನ ಲೇತಿನಲ್ಲಿ, ಇನ್ನೊಬ್ಬನ ಲೇವಡಿ ಕೇಳಿಕೊಂಡು ಬದುಕಿದ್ದ ಅಪ್ಪನಿಗೆ ಅದೆಂಥ ಆಸೆ ಹುಟ್ಟಿಸಿತು ಅನ್ನುವುದನ್ನು ನಾನು ನೋಡಿದ್ದೇನೆ. ಹಾಲೆ ಮರದ ಒಂದು ಒಳ್ಳೆಯ ತುಂಡನ್ನು ಎಷ್ಟೋ ತಿಂಗಳಿಂದ ಒಣಗಿಸಿ ಇಟ್ಟಿದ್ದ. ಅದನ್ನು ತೆಗೆದು, ಕೂಲಿ ಮುಗಿದ ಮೇಲೆ ಮೇಸ್ತ್ರಿಯ ಲೇತಿನಲ್ಲೇ ನೀರು ವಿಮಾನ ಮಾಡಲು ಕೂತ.

ಏನು ಕೆಲಸ ಅದು. ಬಾತುಕೋಳಿಯ ಹೊಟ್ಟೆ, ಹಸಿರು ತಲೆ, ಹಳದಿ ಕೊಕ್ಕು. ಬೆನ್ನ ಮೇಲೆ ಒಂದು ಗೂಟ, ಗೂಟದ ಮೇಲೆ ಉದ್ದನೆಯ ರೆಕ್ಕೆ, ರೆಕ್ಕೆಗೆ ತಿರುಗುವ ಎರಡು ಫ್ಯಾನು. ತಿರುಗುವ ಮರಕ್ಕೆ ಅರಗಿನ ಕಡ್ಡಿ ಒತ್ತಿ ಬಣ್ಣ ಹಿಡಿಸಿ, ಕೇದಗೆ ಗರಿಯಿಂದ ತಿಕ್ಕಿ ತಿಕ್ಕಿ ಹೊಳಪು ತಂದ. ಕೊನೆಗೆ ಹೊಟ್ಟೆಗೆ ಎರಡು ತೂತು ಕೊರೆದು, ಎರಡು ದಪ್ಪ ಕಬ್ಬಿಣದ ಸರಳು ತೂರಿಸಿ, ನಾಲ್ಕು ಗಾಲಿ ಹಾಕಿದ.

"ಗಾಲಿ ಬ್ಯಾಡ ಕಣಪ್ಪ" ಅಂದೆ.

"ಗಾಲಿ ಇಲ್ದಿದ್ರೆ ಅದು ನೀರು ವಿಮಾನ ಹೆಂಗಾಯ್ತದವ್ವ?"

"ಎಲ್ರೂ ನಗ್ತಾರೆ."

"ನಗ್ಲಿ ಬುಡು. ಇದ್ದದ್ದು ಇದ್ದಂಗೆ ಮಾಡ್ಬೇಕು."

ಮರುದಿನ ಬೊಂಬೆಯನ್ನು ಕೇಂದ್ರಕ್ಕೆ ಒಯ್ಯಬೇಕಿತ್ತು. ಬೆಳಿಗ್ಗೆ ಅಪ್ಪ ಗಡ್ಡ ಹೆರೆಸಿಕೊಳ್ಳಲು ಹೋದ. ನಾನು ಬೀದಿಯ ನಲ್ಲಿಗೆ ಹೋಗಿದ್ದೆ. ನನ್ನ ಕ್ಲಾಸಿನ ಇಬ್ಬರು ಹುಡುಗಿಯರು ಅಲ್ಲಿದ್ದರು. ಮೇಸ್ತ್ರಿ ಸೈಕಲ್ ನಿಲ್ಲಿಸಿ, "ನಿಮ್ಮಪ್ಪ ಗಾಲಿ ಹಾಕವ್ನಂತಲ್ಲವ್ವ. ಆಫೀಸರ್ ಮುಂದೆ ಮರ್ವಾದೆ ಕಳೀತಾನೆ ಇವತ್ತು" ಅಂದ. ಹುಡುಗಿಯರು ಕಿಸಕ್ಕನೆ ನಕ್ಕರು. ಕೊಡ ಅರ್ಧ ತುಂಬಿತ್ತು, ಹಾಗೇ ಎತ್ತಿಕೊಂಡು ಮನೆಗೆ ಬಂದೆ.

ಬಂದವಳೇ ಗಾಲಿಗಳನ್ನು ತಟ್ಟಿ ಕಿತ್ತೆ. ಸರಳುಗಳನ್ನು ಎಳೆದೆ. ತೂತುಗಳ ಬಾಯಿಗೆ ಬಿಸಿ ಅರಗು ತುಂಬಿ, ಹೆಬ್ಬೆರಳಿನಿಂದ ಒತ್ತಿ, ಗರಿಯಿಂದ ತಿಕ್ಕಿ ಸಮ ಮಾಡಿದೆ. ಗಾಲಿ, ಸರಳು ಎಲ್ಲವನ್ನೂ ನೀರೊಲೆಗೆ ಹಾಕಿದೆ. ಆ ಬೆಂಕಿಯಲ್ಲಿ ಕಾದ ನೀರನ್ನೇ ಅಪ್ಪ ಹುಯ್ದುಕೊಂಡ. ಅವನು ಸ್ನಾನ ಮುಗಿಸಿ ಬರುವ ಹೊತ್ತಿಗೆ ನಾನು ಬೊಂಬೆಯನ್ನು ಹಳೆಯ ಪಂಚೆಯಲ್ಲಿ ಸುತ್ತಿ ಗಂಟು ಹಾಕಿದ್ದೆ. ಅಪ್ಪನ ಮಾನ ಉಳಿಸುತ್ತಿದ್ದೇನೆ ಅಂದುಕೊಂಡಿದ್ದೆ. ಸುಳ್ಳು. ನನ್ನ ಮಾನ ಉಳಿಸಿಕೊಳ್ಳುತ್ತಿದ್ದೆ. ಅವನ ಕತೆಯಲ್ಲಿ ನನಗೆ ನಂಬಿಕೆ ಹೋಗಿ ಎಷ್ಟೋ ಕಾಲವಾಗಿತ್ತು.

ಕೇಂದ್ರದ ಅಂಗಳದಲ್ಲಿ ಮೇಜು ಹಾಕಿದ್ದರು. ಊರಿನ ಬೊಂಬೆ ಕೆಲಸದವರೆಲ್ಲ ಬಂದಿದ್ದರು, ಮೇಸ್ತ್ರಿಯೂ ಇದ್ದ. ಗಂಟುಗಳನ್ನು ಜವಾನನೇ ಇಸಿದುಕೊಂಡು ಬಿಚ್ಚಿ ಸಾಲಾಗಿ ಇಡುತ್ತಿದ್ದ. ಕೆಲಸದವರು ಹಗ್ಗದ ಆಚೆ ನಿಲ್ಲಬೇಕು, ನಾನೂ ಅಪ್ಪನ ಪಕ್ಕ ನಿಂತೆ. ಬೆಂಗಳೂರಿನಿಂದ ಬಂದಿದ್ದ ಆಫೀಸರು ನಮ್ಮ ವಿಮಾನದ ಮುಂದೆ ನಿಂತು, ಅದನ್ನು ಎತ್ತಿ ಬೆಳಕಿಗೆ ಹಿಡಿದು, "ಬಹಳ ಚೆನ್ನಾಗಿದೆ, ಯಾರದು ಇದು?" ಎಂದು ಕೇಳಿದರು. ಅಪ್ಪ ಕೈ ಎತ್ತಿ, "ನಂದು ಬುದ್ದಿ, ನೀರು ವಿಮಾನ" ಅಂದ. "ನೀರಿನ ವಿಮಾನ ಅಂತೀರಿ, ನೀರಲ್ಲಿ ನಿಲ್ಲುತ್ತೇನ್ರಿ?" ಅಂದರು.

"ನಿಂತ್ಕತದೆ ಬುದ್ದಿ. ಮನೆ ಬಾನೀಲಿ ಬುಟ್ಟು ನೋಡಿವ್ನಿ" ಅಂದ ಅಪ್ಪ.

ಬಾನಿಯಲ್ಲಿ ಬಿಟ್ಟು ನೋಡಿದ್ದು ನನಗೆ ಗೊತ್ತಿರಲಿಲ್ಲ, ನಾನು ಸ್ಕೂಲಿಗೆ ಹೋದಾಗ ನೋಡಿರಬೇಕು. ಜವಾನ ಆಫೀಸರನ್ನು ಕೈತೋಟದ ನೀರಿನ ತೊಟ್ಟಿಯ ಹತ್ತಿರ ಕರೆದುಕೊಂಡು ಹೋದ. ಆಫೀಸರು ತಾವೇ ಬಗ್ಗಿ ಬೊಂಬೆಯನ್ನು ನೀರಿಗೆ ಬಿಟ್ಟರು. ಅಷ್ಟರಲ್ಲಿ ಅಪ್ಪನಿಗೆ ಏನೋ ಕಂಡಿರಬೇಕು, "ಬುದ್ದಿ, ಒಸಿ ತಡೀರಿ" ಎಂದು ಹಗ್ಗ ದಾಟಿದ. ಅವನು ತಲುಪುವ ಮೊದಲೇ ವಿಮಾನ ಒಂದು ಪಕ್ಕಕ್ಕೆ ವಾಲಿ, ರೆಕ್ಕೆ ನೀರಿಗೆ ತಾಗಿ, ಮಗುಚಿ ಬಿತ್ತು. ಹಳದಿ ಹೊಟ್ಟೆ ಮೇಲಾಗಿ ಸತ್ತ ಬಾತುವಿನ ಹಾಗೆ ತೇಲಿತು. ಮೇಲಿನ ರೆಕ್ಕೆಯ ಭಾರವನ್ನು ಕೆಳಗೆ ಹಿಡಿದು ನಿಲ್ಲಿಸುತ್ತಿದ್ದದ್ದು ಆ ಎರಡು ಕಬ್ಬಿಣದ ಸರಳು. ಅದಕ್ಕೇ ಅವನು ಅಷ್ಟು ದಪ್ಪದ ಸರಳು ಹಾಕಿದ್ದ.

ಅಂಗಳವೆಲ್ಲ ನಕ್ಕಿತು. ಮೇಸ್ತ್ರಿಯ ನಗು ಎಲ್ಲರಿಗಿಂತ ಕೊನೆಗೆ ನಿಂತಿತು.

ಅಪ್ಪ ಬೊಂಬೆಯನ್ನು ಎತ್ತಿಕೊಂಡು, ಅದರ ಹೊಟ್ಟೆಯ ಮೇಲೆ ಹೆಬ್ಬೆರಳು ಆಡಿಸಿದ. ಅರಗು ತುಂಬುವುದರಲ್ಲಿ ಒಬ್ಬೊಬ್ಬರ ಕೈ ಒಂದೊಂದು ಥರ ಇರುತ್ತದೆ. ಒತ್ತುವ ಬೆರಳು, ತಿಕ್ಕುವ ದಿಕ್ಕು, ಎಲ್ಲ ಬೇರೆ. ನನಗೆ ಕೈ ಹಿಡಿದು ಕಲಿಸಿದವನು ಅವನೇ. ತಲೆ ಎತ್ತಿ ಒಂದು ಸಲ ನನ್ನನ್ನು ನೋಡಿದ. ಆಮೇಲೆ ಆಫೀಸರ ಕಡೆ ತಿರುಗಿ, "ಗಾಲಿ ಹಾಕೋದ್ನೇ ಮರ್ತ್‌ಬುಟ್ಟೆ ಬುದ್ದಿ. ನಂದೇ ತಪ್ಪು" ಅಂದ.

"ಇಷ್ಟು ಮುಖ್ಯವಾದದ್ದನ್ನ ಮರೆಯೋರು ಮಕ್ಕಳಿಗೆ ಏನ್ರೀ ಕಲಿಸ್ತೀರಿ?" ಅಂದರು ಅವರು. ಮುಂದಿನ ಬೊಂಬೆಗೆ ಹೋದರು. ಆ ಜಾಗ ಮೇಸ್ತ್ರಿಯ ತಮ್ಮನಿಗೆ ಸಿಕ್ಕಿತು.

ಮನೆಗೆ ನಡೆದು ಬರುವಾಗ ನಾನು ಅವನಿಂದ ನಾಲ್ಕು ಹೆಜ್ಜೆ ಹಿಂದೆ ಇದ್ದೆ. ಹೊಡೆಯಲಿ, ಬಯ್ಯಲಿ, ಕೂದಲು ಹಿಡಿದು ಜಗ್ಗಲಿ ಅಂತ ಕಾಯುತ್ತಿದ್ದೆ. ಹೊಡೆದಿದ್ದರೆ ಅವತ್ತೇ ಅತ್ತು ಮುಗಿಸುತ್ತಿದ್ದೆ. ಬಾಗಿಲು ತೆಗೆಯುವಾಗ ಅವನು ನನ್ನ ಮುಖ ನೋಡದೆ, "ಅರಗು ಚೆಂದಾಗಿ ತುಂಬಿದ್ದೀಯ ಕಣವ್ವ. ತೂತಿದ್ದದ್ದೇ ಗೊತ್ತಾಗಕಿಲ್ಲ" ಅಂದ. ಅಷ್ಟೇ. ಅವತ್ತಿನಿಂದ ಸಾಯುವವರೆಗೆ ಅವನ ಬಾಯಲ್ಲಿ ನೀರು ವಿಮಾನದ ಮಾತು ಬರಲಿಲ್ಲ. ಕೆರೆ ಏರಿಯ ಕಡೆಗೂ ಹೋಗಲಿಲ್ಲ.

ಮುಂದಿನ ವರ್ಷ ಮೇಸ್ತ್ರಿ ಒಂದು ಹೊಸ ಬೊಂಬೆ ತೆಗೆದ. ರೆಕ್ಕೆ, ಫ್ಯಾನು ಬಿಟ್ಟು ಬಾತುಕೋಳಿಯ ಮೈ ಮಾತ್ರ ಇಟ್ಟುಕೊಂಡು, ಹೊಟ್ಟೆ ಕೆಳಗೆ ನಾಲ್ಕು ಗಾಲಿ ಹಾಕಿ, ಎದೆಗೆ ದಾರ ಕಟ್ಟಿದ. ನಗುತ್ತಿದ್ದ ಬಾಯಲ್ಲೇ ಅದು ತನ್ನ ತಲೆಯಿಂದ ಬಂದದ್ದು ಅಂತ ಹೇಳಿಕೊಂಡ. ಅದನ್ನು ಅವನ ಲೇತಿನಲ್ಲಿ ಕೂತು ಸಾಲುಸಾಲಾಗಿ ಕಡೆದವನು ನಮ್ಮಪ್ಪ. ನೋಡಿ ನೋಡಿ ನನ್ನ ಹೊಟ್ಟೆ ಉರಿಯುತ್ತಿತ್ತು. ಬಯ್ಯೋಣವೆಂದರೆ ಯಾವ ಮುಖ ಇಟ್ಟುಕೊಂಡು ಬಯ್ಯಲಿ?

ಅಪ್ಪ ತೀರಿಕೊಂಡ ಮೇಲೆ ಅವನ ಉಳಿಪೆಟ್ಟಿಗೆ ತೆಗೆದೆ. ಅದರ ತಳದಲ್ಲಿ, ಬಟ್ಟೆಯಲ್ಲಿ ಸುತ್ತಿದ್ದ ಎರಡು ಕಬ್ಬಿಣದ ಸರಳು ಇದ್ದವು, ಬೆಂಕಿಗೆ ಕಪ್ಪಾಗಿದ್ದವು. ನೀರೊಲೆಯ ಬೂದಿ ತೆಗೆಯುವಾಗ ಅವನ ಕೈಗೆ ಸಿಕ್ಕಿರಬೇಕು.

ಆ ಹೊತ್ತಿಗೆ ನಾನು ರಸ್ತೆ ಬದಿ ಅಂಗಡಿ ಹಾಕಿದ್ದೆ. ಪಕ್ಕದ ಅಂಗಡಿ ಮೇಸ್ತ್ರಿಯದು. ಮುದುಕನಾಗಿದ್ದರೂ ದಿನಾ ಬಂದು ಕುರ್ಚಿಯಲ್ಲಿ ಕೂರುತ್ತಿದ್ದ. ಅಪ್ಪನ ವಿಮಾನವನ್ನು ನಾನು ಮೇಲಿನ ಅಡ್ಡಹಲಗೆಯಲ್ಲಿ, ಡಬ್ಬಗಳ ಹಿಂದೆ ಇಟ್ಟಿದ್ದೆ. ಒಂದು ಮಧ್ಯಾಹ್ನ ವಯಸ್ಸಾದವರೊಬ್ಬರು ಮೊಮ್ಮಗಳ ಜೊತೆ ಬಂದರು. ಅವರ ಕಣ್ಣು ಹೋದದ್ದು ನೇರ ಅದಕ್ಕೇ. ಕೇಳಿ ಇಳಿಸಿಕೊಂಡರು. ಎರಡೂ ಕೈಯಲ್ಲಿ ಹಿಡಿದು ಬಹಳ ಹೊತ್ತು ನೋಡಿದರು. ತಾವು ಚಿಕ್ಕ ವಯಸ್ಸಿನಲ್ಲಿ ವಿಮಾನ ಕಾರ್ಖಾನೆಯಲ್ಲಿ ಇದ್ದದ್ದಾಗಿ ಹೇಳಿ, ಬೊಂಬೆಯನ್ನು ಮಗುಚಿ ಹೊಟ್ಟೆ ನೋಡಿದರು.

"ಇದರ ಗಾಲಿ ಎಲ್ಲಮ್ಮ?" ಎಂದು ಕೇಳಿದರು.

ನಾನು ಹಲಗೆಯ ಮೇಲಿನ ಡಬ್ಬಗಳನ್ನು ಜೋಡಿಸತೊಡಗಿದೆ.

"ಇದಕ್ಕೆ ಗಾಲಿ ಇರಬೇಕು. ಕೆರೆಗೆ ಇಳಿದ ಮೇಲೆ ಜನ ನೀರಿಗೆ ಹೋಗಿ ಹೊಟ್ಟೆ ಕೆಳಗೆ ಗಾಲಿ ಕಟ್ಟಿ, ಹಗ್ಗ ಹಾಕಿ ಎಳೆದು ತರ್ತಿದ್ರು. ನಾನೇ ನೋಡಿದ್ದೀನಿ. ಇಲ್ಲಿ ತೂತು ಮುಚ್ಚಿದ ಹಾಗಿದೆ ನೋಡಿ. ಇದನ್ನ ಮಾಡಿದವರೂ ಅಲ್ಲಿದ್ದವರೇ. ಯಾರಮ್ಮ ಅವರು? ಗಾಲಿ ಯಾಕೆ ತೆಗೆದ್ರು?"

ಟೀ ಅಂಗಡಿಯವರ ಎದುರು, ಮೇಸ್ತ್ರಿಯ ಎದುರು, ನನ್ನ ಎದುರು ಅಪ್ಪ ಅಷ್ಟು ವರ್ಷ ಹೇಳಿದ ಮಾತನ್ನು ಇವರು ಒಂದು ನಿಮಿಷದಲ್ಲಿ ಹೇಳಿ ಮುಗಿಸಿದ್ದರು. ಪಕ್ಕದ ಕುರ್ಚಿಯಲ್ಲಿ ಮೇಸ್ತ್ರಿ ಕಿವಿ ನಿಮಿರಿಸಿ ಕೂತಿದ್ದ. ಬಾಯಿ ತೆರೆದು, ನಮ್ಮಪ್ಪ ಮಾಡಿದ್ದು, ಗಾಲಿ ಕಿತ್ತವಳು ನಾನು, ಅಂದರೆ ಸಾಕಿತ್ತು. ಇನ್ನು ಯಾವತ್ತೂ ಅಂಥ ಗಳಿಗೆ ಬರುವುದಿಲ್ಲ ಅಂತ ನನಗೆ ಗೊತ್ತಿತ್ತು.

"ನಮ್ಮಪ್ಪ ಮಾಡಿದ್ದು" ಅಂದೆ. "ಗಾಲಿ ಹಾಕೋದು ಮರೆತುಬಿಟ್ಟಿದ್ರು."

"ತೂತು ಕೊರೆದವರು ಮರೀತಾರಾ?" ಎಂದು ಅವರು ನನ್ನ ಮುಖವನ್ನೇ ನೋಡಿದರು.

"ಬಾತು ಪೈಲೆಟ್ಟಿಗೆ ಮೊದ್ಲಿಂದ್ಲೂ ಒಸಿ ಮರೆವು ಸ್ವಾಮಿ" ಎಂದು ಮೇಸ್ತ್ರಿ ಕೂತಲ್ಲಿಂದಲೇ ಹೇಳಿ ನಕ್ಕ.

ನಾನೂ ಅವನ ಜೊತೆ ನಕ್ಕೆ.