ಪ್ರಶ್ನೆ ಚಿಹ್ನೆಗೆ ನಂಬರಿಲ್ಲ

ನಮ್ಮ ಆಸ್ಪತ್ರೆಯ ದಾಖಲೆ ಕೋಣೆಯಲ್ಲಿ ಫೈಲು ಹೊರುವವನು ನಾನು. ಓದಿದ್ದು ಐದನೇ ಕ್ಲಾಸು. ಆದರೂ ಬರೆಯಲು ಕೂತಿದ್ದೇನೆ, ಯಾಕೆಂದರೆ ನಂಬರ್ ಮೇಷ್ಟ್ರ ಬಗ್ಗೆ ಈಗ ಬಾಯಿಗೆ ಬಂದಂತೆ ಮಾತಾಡುವವರು ಜಾಸ್ತಿಯಾಗಿದ್ದಾರೆ. ಅವರಲ್ಲಿ ಒಬ್ಬನಾದರೂ ಮೇಷ್ಟ್ರ ಕುರ್ಚಿಯಲ್ಲಿ ಒಂದು ದಿನ ಕೂತವನಲ್ಲ.

ಮೇಷ್ಟ್ರು ಅಂದರೆ ಪಾಠ ಹೇಳುವವರಲ್ಲ. ಡಾಕ್ಟರು ಚೀಟಿಯಲ್ಲಿ ಬರೆದ ಕಾಯಿಲೆಗೆ ದಪ್ಪ ಪುಸ್ತಕ ನೋಡಿ ನಂಬರು ಕೊಟ್ಟು ಕಂಪ್ಯೂಟರಿಗೆ ಹಾಕುವುದು ಅವರ ಕೆಲಸ. ಇಪ್ಪತ್ತೆರಡು ವರ್ಷ ಅದನ್ನೇ ಮಾಡಿ ಪುಸ್ತಕವೆಲ್ಲ ಬಾಯಿಗೇ ಬಂದಿತ್ತು. ಮದುವೆಯಾಗಲಿಲ್ಲ; ಗಂಡ ಸತ್ತ ಅಕ್ಕನ ಜೊತೆ ಎರಡು ಕೋಣೆಯ ಮನೆಯಲ್ಲಿದ್ದರು. ಮೇಷ್ಟ್ರಿಗೆ ಸೊಂಟನೋವಿತ್ತು. ಕುರ್ಚಿಗೆ ಟವೆಲ್ ಮಡಚಿ ಒರಗಿಸಿಕೊಳ್ಳುತ್ತಿದ್ದರು. ನಾನು ಯಾರ ಮೇಲಾದರೂ ಹಾರಾಡಿದರೆ ಕನ್ನಡಕದ ಮೇಲಿಂದ ನೋಡಿ, "ಸಿಟ್ಟಿಗೂ ಒಂದು ನಂಬರಿದೆ ತಮ್ಮಾ, ಆರ್ ನಲವತ್ತೈದು ಪಾಯಿಂಟ್ ನಾಲ್ಕು. ನಿನ್ನ ಹೆಸರಿಗೆ ಹಾಕಿಬಿಡ್ಲಾ?" ಅನ್ನುತ್ತಿದ್ದರು. ಸಿಟ್ಟು ಅಲ್ಲೇ ಇಳಿದುಹೋಗುತ್ತಿತ್ತು.

ಈ ಕೆಲಸಕ್ಕೊಂದು ನಿಯಮವಿದೆ. ಬಂದು ತೋರಿಸಿಕೊಂಡು ಹೋಗುವ ರೋಗಿಯ ಚೀಟಿಯಲ್ಲಿ ಡಾಕ್ಟರು ಕಾಯಿಲೆಯ ಹೆಸರು ಬರೆದು ಮುಂದೆ ಪ್ರಶ್ನೆ ಚಿಹ್ನೆ ಹಾಕಿದ್ದರೆ ಅದಕ್ಕೆ ನಂಬರು ಕೊಡುವ ಹಾಗಿಲ್ಲ. ಅನುಮಾನ ಕಾಯಿಲೆಯಲ್ಲ. ಖಚಿತವಾಗುವ ತನಕ ರೋಗಿ ಹೇಳಿದ ನೋವಿಗಷ್ಟೇ ನಂಬರು.

ನಮ್ಮ ಲಾಂಡ್ರಿಯಲ್ಲಿ ಹಾಸಿಗೆ ಬಟ್ಟೆ ಇಸ್ತ್ರಿ ಮಾಡುವ ಹೆಂಗಸೊಬ್ಬಳು ಸೊಂಟ ಹಿಡಿದುಕೊಂಡು ಡಾಕ್ಟರ ಹತ್ತಿರ ಹೋಗಿದ್ದಳು. ಅವರು ಎರಡು ಸಾಲು ಬರೆದರು. ಮೇಲೆ ಸೊಂಟನೋವು. ಕೆಳಗೆ ಬೆನ್ನುಮೂಳೆಯಲ್ಲಿ ಗಡ್ಡೆ, ಪ್ರಶ್ನೆ ಚಿಹ್ನೆ, ಸ್ಕ್ಯಾನ್. ಮೇಷ್ಟ್ರು ನಿಯಮದಂತೆ ಮೇಲಿನ ಸಾಲಿಗೆ ಎಂ ಐವತ್ನಾಲ್ಕು ಪಾಯಿಂಟ್ ಐದು ಹಾಕಿ ಚೀಟಿ ಫೈಲಿಗೆ ಸೇರಿಸಿದರು. ಸ್ಕ್ಯಾನಿನ ಮಾತು ಚೀಟಿಯಲ್ಲೇ ಉಳಿಯಿತು; ಆಮೇಲೆ ಅವಳು ಹೋಗಿದ್ದು ಮನೆ ಹತ್ತಿರದ ನಮ್ಮದೇ ಆಸ್ಪತ್ರೆಯ ಶಾಖೆಗೆ. ಅಲ್ಲಿಗೆ ಫೈಲು ಹೋಗುವುದಿಲ್ಲ, ಕಂಪ್ಯೂಟರಿನಲ್ಲಿ ನಂಬರಷ್ಟೇ ಕಾಣುತ್ತದೆ. ಬರೀ ಸೊಂಟನೋವು ಅಂತ ಮಾತ್ರೆ, ವ್ಯಾಯಾಮ. ಐದನೇ ತಿಂಗಳಿಗೆ ಕಾಲು ಬಿದ್ದುಹೋದವು. ಏಳನೇ ತಿಂಗಳಿಗೆ ಅವಳೇ ಹೋದಳು.

ಸಾವಿನ ನಂಬರು ಹಾಕಲಿಕ್ಕೆ ಆ ಫೈಲನ್ನು ಮೇಷ್ಟ್ರ ಮೇಜಿಗಿಟ್ಟವನು ನಾನೇ. ಒಳಗೆ ಹಳೇ ಚೀಟಿ, ಕೆಳಗೆ ಅವರದೇ ಪುಟ್ಟ ಸಹಿ.

ಅವತ್ತಿನಿಂದ ಸೊಂಟನೋವಿನ ಚೀಟಿ ಕೈಗೆ ಬಂದರೆ ಸಾಕು, ಮೇಷ್ಟ್ರು ತಿರುಗಿ ನೋಡುತ್ತಿದ್ದರು. ಒದ್ದೆ ಬಟ್ಟೆಯ ಮೇಲೆ ಇಸ್ತ್ರಿ ಇಟ್ಟ ವಾಸನೆ ಬರುತ್ತದೆ, ಹಿಂದೆ ಯಾರೋ ಸೊಂಟದ ಮೇಲೆ ಕೈಯಿಟ್ಟು ನಿಂತಿದ್ದಾರೆ ಅನ್ನುತ್ತಿದ್ದರು. ನಾನು ಬೈದು ಕುರ್ಚಿಯನ್ನು ಗೋಡೆಗೆ ಒತ್ತಿ ಹಾಕಿದೆ. ಮಾರನೇ ದಿನ ಮೆಲ್ಲಗೆ ಹೇಳಿದರು: "ಈಗ ಗೋಡೆಯೊಳಗೆ ನಿಂತಿದಾಳೆ. ಇಕ್ಕಟ್ಟಾಗ್ತಿರಬೇಕು ಪಾಪ, ಮುಂದಕ್ಕೆ ಎಳಿ." ಎಳೆದೆ. ಮಧ್ಯಾಹ್ನ ಅವರು ಊಟಕ್ಕೆ ಹೋದಾಗ ಆ ಕುರ್ಚಿಯಲ್ಲಿ ಕೂತು ನೋಡಿದೆ. ಒಂದು ನಿಮಿಷ ಕೂರಲಾಗಲಿಲ್ಲ. ಯಾಕೆ ಅಂತ ನನ್ನನ್ನು ಕೇಳಬೇಡಿ.

ಪ್ರಶ್ನೆ ಚಿಹ್ನೆ ಕಂಡಲ್ಲೆಲ್ಲ ಡಾಕ್ಟರಿಗೆ ಫೋನು ಮಾಡತೊಡಗಿದರು. ಫೈಲು ಗುಡ್ಡೆ ಬಿದ್ದವು. ಮೇಲಿನ ಸಾಹೇಬರು ಕರೆಸಿ, ನಿಯಮದ ಪ್ರಕಾರ ನಿಮ್ಮದೇನೂ ತಪ್ಪಿಲ್ಲ, ಸುಮ್ಮನೆ ತಲೆ ಕೆಡಿಸ್ಕೋಬೇಡಿ ಅಂದರು.

"ತಪ್ಪಾಗಿದ್ರೆ ಕ್ಷಮೆ ಕೇಳಬಹುದಿತ್ತು ಸಾರ್," ಅಂದರು ಮೇಷ್ಟ್ರು.

ಆ ವಾರವೇ ಆ ಲಾಂಡ್ರಿಯವಳ ಗಂಡ ಫೈಲಿನ ನಕಲು ಕೇಳಿಕೊಂಡು ಬಂದ. ಗೋಡೆಗೆ ಬಣ್ಣ ಹೊಡೆಯುವವನು, ಉಗುರಿನ ಸಂದಿಯಲ್ಲೆಲ್ಲ ಸುಣ್ಣ. ನಕಲು ಕೊಡಿ, ವಿವರಣೆ ಕೊಡಬೇಡಿ, ಕೊಟ್ಟವರ ಕೆಲಸ ಹೋಗುತ್ತದೆ ಅಂತ ಸಾಹೇಬರ ಕಟ್ಟಪ್ಪಣೆಯಿತ್ತು. ಅವನು ನಕಲನ್ನು ಮೇಷ್ಟ್ರ ಮುಂದೆಯೇ ಹರಡಿ, ಮೊದಲ ದಿನ ಡಾಕ್ಟರು ಏನು ಬರೆದಿದ್ದರು, ಸ್ವಲ್ಪ ಓದಿ ಹೇಳಿ ಅಂತ ಕೇಳಿದ.

ಮೇಷ್ಟ್ರ ಬೆರಳು ಎರಡನೇ ಸಾಲನ್ನು ಮುಚ್ಚಿಕೊಂಡಿತ್ತು. ಸೊಂಟನೋವು ಅಂತ ಓದಿದರು. ಅಷ್ಟೇ ಓದಿದರು. ನಾನು ಬಾಗಿಲಲ್ಲಿ ನಿಂತು, ಅಷ್ಟಕ್ಕೇ ನಿಲ್ಲಿಸಲಿ ಅಂತ ಬೇಡಿಕೊಳ್ಳುತ್ತಿದ್ದೆ. ಸುಳ್ಳು ಹೇಳುವುದಿಲ್ಲ.

ಗಂಡ ತಲೆಯಾಡಿಸಿದ. ಶಾಖೆಯವರೂ ಅದನ್ನೇ ಹೇಳಿದ್ದರಂತೆ. ಅದನ್ನು ನಂಬಿಕೊಂಡು, ಕೆಲಸ ತಪ್ಪಿಸ್ಕೊಳ್ಳೋಕೆ ನಾಟಕ ಆಡ್ತೀಯ ಅಂತ ದಿನಾ ಅವಳನ್ನು ಹಂಗಿಸಿದ್ದನಂತೆ. ಒಂದು ದಿನ ಹಾಸಿಗೆಯಿಂದ ಎಳೆದೂ ಎಬ್ಬಿಸಿದ್ದನಂತೆ.

ಮೇಷ್ಟ್ರು ಬೆರಳು ತೆಗೆದರು. ಎರಡನೇ ಸಾಲನ್ನು ಗಟ್ಟಿಯಾಗಿ, ಚಿಹ್ನೆ ಸಮೇತ ಓದಿದರು.

"ಇದನ್ನ ಕಂಪ್ಯೂಟರಿಗೆ ಹಾಕದೆ ಬಿಟ್ಟವನು ನಾನಪ್ಪ. ಹಾಕಬಾರದು ಅಂತ ನಿಯಮ. ನಾನು ಓದಿದ್ದೆ, ಓದಿ ಬಿಟ್ಟೆ."

ಅವನು ಕೈ ಎತ್ತುತ್ತಾನೆ ಅಂತ ನಾನು ಎರಡು ಹೆಜ್ಜೆ ಮುಂದೆ ಬಂದಿದ್ದೆ. ಎತ್ತಲಿಲ್ಲ. ಆ ಸಾಲಿನ ಮೇಲೆ ಹೆಬ್ಬೆರಳು ಸವರಿದ.

"ಹಾಗಾದ್ರೆ ಅವಳು ನಾಟಕ ಆಡ್ತಿರಲಿಲ್ಲ," ಅಂದ.

ಎದುರಿನ ಬೆಂಚಿನ ಮೇಲೆ ಕೂತವನು ಏಳಲೇ ಇಲ್ಲ. ಮೇಷ್ಟ್ರೂ ಏಳಲಿಲ್ಲ. ಐದೂವರೆಗೆ ಬೀಗ ಹಾಕುವುದು ನನ್ನ ಕೆಲಸ. ಆ ಕೋಣೆಯಲ್ಲಿ ಎಲ್ಲರ ಮೇಲೂ ಗಂಟಲು ಹರಿದುಕೊಂಡವನು ನಾನು, ಅವತ್ತು ಬೀಗದ ಕೈ ಹಿಡಿದು ನಿಂತೇ ಇದ್ದೆ.