ಮೂರನೇ ಯಂತ್ರದ ಕರವಸ್ತ್ರ

ಪೆರು ದೇಶದ ತ್ರುಹೀಯೊ ಊರಿನ ಇಂಟರ್ನೆಟ್ ಅಂಗಡಿಯ ದೋನ್ ಫೌಸ್ತೀನೊಗೆ ಗಿರಾಕಿಗಳ ಮುಖ ನೆನಪಿರುವುದಿಲ್ಲ. ಅವರು ಅಳಿಸಿದ ಲೈಬ್ರರಿ ಫೈಲಿನ ಹೆಸರು ಮಾತ್ರ ಮರೆಯುವುದಿಲ್ಲ. ಜಾಗ ಸಾಲದೆಂದು ಗುರುತಿಲ್ಲದ ಫೈಲನ್ನೆಲ್ಲ ಅವರು ಕಸವೆಂದು ಅಳಿಸುತ್ತಾರೆ. ಮರುಕ್ಷಣವೇ ಪರದೆಯ ಮೇಲೆ, ಆ ಲೈಬ್ರರಿ ಫೈಲಿನ ಬಲದಿಂದಲೇ ಕುಣಿಯುವ ಅವರ ಅವತಾರ್ ಗೊಂಬೆ ಎರಡೂ ಕೈ ಚಾಚಿ ಸೆಟೆದು ನಿಲ್ಲುತ್ತದೆ. "ಅಯ್ಯೋ ದೋನ್, ಮತ್ತೆ ಶಿಲುಬೆಗೇರಿಬಿಡ್ತು!" ಎಂದು ಗಿರಾಕಿ ಕೂಗಿದರೆ, "ಏರಿಸಿದ್ದು ನೀನೇ ಅಲ್ವೇನೋ ಪಾಪಿ? ಮೂಳೆ ಕಿತ್ತು ಬಿಸಾಕಿ ಕುಣಿ ಅಂದ್ರೆ ಕುಣಿಯುತ್ತಾ?" ಎಂದು ಬೈಯುತ್ತಲೇ ಕೊರಳಿನ ಜಪಸರಕ್ಕೆ ಕಟ್ಟಿಕೊಂಡ ಪೆನ್‌ಡ್ರೈವ್ ಚುಚ್ಚಿ, ಫೈಲು ತುಂಬಿ, ಗೊಂಬೆಯನ್ನು ಕೆಳಗಿಳಿಸುತ್ತಾನೆ. ಸ್ನಾನಕ್ಕೂ ಅವನು ಅದನ್ನು ಬಿಚ್ಚುವುದಿಲ್ಲವೆಂದು ಬೀದಿಯವರು ಆಣೆಯಿಟ್ಟು ಹೇಳುತ್ತಾರೆ. ಎಲ್ಲ ಯಂತ್ರಗಳನ್ನೂ ಹೊಸದು ಮಾಡಿಸಿದ್ದಾನೆ, ಮೂರನೆಯದೊಂದನ್ನು ಬಿಟ್ಟು. "ಆ ಮುದಿಯನ್ನ ಯಾವಾಗ ಬದಲಾಯಿಸ್ತೀಯಪ್ಪ?" ಎಂದು ಯಾರಾದರೂ ಕೇಳಿದರೆ, "ಹೊಸದರಲ್ಲಿ ಹಳೇ ಫೈಲು ನಡೆಯಲ್ಲ, ಸುಮ್ನಿರು" ಎನ್ನುತ್ತಾನೆ. ಮಧ್ಯಾಹ್ನ ಊಟಕ್ಕೆಂದು ಬಾಗಿಲೆಳೆದ ಮೇಲೆ, ಬಲಭಾಗಕ್ಕೆ ಲಕ್ವ ಹೊಡೆದ ಹೆಂಡತಿ ಸೋರೈದಾಳನ್ನು ಅದರ ಮುಂದೆ ಕೂರಿಸುತ್ತಾನೆ. ಪರದೆಯಲ್ಲಿ ಅವಳದೇ ಮುಖದ ಗೊಂಬೆ ಬರಿಗಾಲಲ್ಲಿ, ಕರವಸ್ತ್ರ ಹಿಡಿದು ಆಡುವ ಆ ಊರಿನ ಮರಿನೇರಾ ನೃತ್ಯ ಕುಣಿಯುತ್ತದೆ. "ಕೈ ಇನ್ನೂ ಮೇಲೆ ಹೋಗ್ಬೇಕು ಕಣೋ," ಎಂದು ಅವಳು ಗದರುತ್ತಾಳೆ. ಅವನು ಗುಂಡಿ ಒತ್ತುತ್ತಾನೆ. ಗೊಂಬೆಯ ಬಲಗೈ ಕರವಸ್ತ್ರ ಬೀಸುತ್ತ ಮೇಲೇರುತ್ತದೆ. ಅವಳ ಬಲಗೈ ಮಡಿಲಲ್ಲೇ ಇರುತ್ತದೆ.