ಸ್ಕೋರು ಎಷ್ಟಾಯಿತು ಎಂದು ಕೇಳಿದವನು

ಧಾರವಾಡದ ಹೈಸ್ಕೂಲೊಂದರಲ್ಲಿ ಹನ್ನೊಂದು ವರ್ಷ ಪಿ.ಟಿ. ಮಾಸ್ತರನಾಗಿದ್ದವನು ನಾನು. ಕೆನಡಾದ ಬ್ರ್ಯಾಂಪ್ಟನ್ನಿಗೆ ಬಂದ ಮೇಲೆ ಮೊದಲು ಒಂದು ವೇರ್‌ಹೌಸಿನಲ್ಲಿ ದುಡಿದೆ. ಆಮೇಲೆ ದೊಡ್ಡ ಬಸ್ಸಿನ ಲೈಸೆನ್ಸು ತೆಗೆದುಕೊಂಡು ಬಾಡಿಗೆ ಬಸ್ಸುಗಳ ಕಂಪನಿಯಲ್ಲಿ ಡ್ರೈವರ್ ಆದೆ. 2010ರ ಆಸುಪಾಸಿನ ಒಂದು ಸೆಪ್ಟೆಂಬರಿನಲ್ಲಿ, ಟೊರೊಂಟೊದ ಒಂದು ವಿಶ್ವವಿದ್ಯಾಲಯದ ಫುಟ್‌ಬಾಲ್ ತಂಡವನ್ನು ಹೊರಊರಿನ ಪಂದ್ಯಗಳಿಗೆ ಕರೆದೊಯ್ಯುವ ಕೆಲಸ ನನ್ನ ಪಾಲಿಗೆ ಬಂತು. ಒಂದು ಶನಿವಾರ ಅವರ ಮೈದಾನದಲ್ಲೇ ಆಟ, ಮುಂದಿನ ಶನಿವಾರ ಬೇರೆ ಊರಲ್ಲಿ.

ಈ ಫುಟ್‌ಬಾಲಿನಲ್ಲಿ ಚೆಂಡಿಗೆ ಕಾಲು ತಾಗುವುದೇ ಅಪರೂಪ. ಹೆಲ್ಮೆಟ್ಟು ಹಾಕಿಕೊಂಡ ಆಳುಗಳು ಎದುರುಬದುರು ನಿಂತು ಢಿಕ್ಕಿ ಹೊಡೆಯುತ್ತಾರೆ. ಮೂರು ಯತ್ನದಲ್ಲಿ ಚೆಂಡನ್ನು ಹತ್ತು ಗಜ ಮುಂದಕ್ಕೆ ಒಯ್ಯಬೇಕು, ಇಲ್ಲವಾದರೆ ಎದುರಾಳಿಗೆ ಕೊಡಬೇಕು. ಇಷ್ಟನ್ನು ನನಗೆ ಕಲಿಸಿದವನು ತಂಡದ ಕ್ಯಾಪ್ಟನ್. ಬ್ರ್ಯಾಂಪ್ಟನ್ನಿನವನೇ, ಪಂಜಾಬಿ ಮನೆಯ ಮಗ, ಓದಿನ ಕೊನೆಯ ವರ್ಷ. ಬಸ್ಸಿನ ಬಾಗಿಲಲ್ಲಿ ಅಡ್ಡಡ್ಡ ತಿರುಗಿ ಹತ್ತಬೇಕಾದಷ್ಟು ಅಗಲದ ಮೈ. ಮೊದಲ ಟ್ರಿಪ್ಪಿನಲ್ಲಿ ನಾನು ಬಸ್ಸಿನಲ್ಲೇ ಉಳಿದದ್ದನ್ನು ಕಂಡು, "ಅಂಕಲ್‌ಜೀ, ಇಷ್ಟು ದೂರ ಬಂದು ಸ್ಟಿಯರಿಂಗ್ ನೋಡ್ತಾ ಕೂತ್ಕೋತೀರಾ? ಬನ್ನಿ" ಎಂದು ಹಿಂದಿಯಲ್ಲಿ ಹೇಳಿ, ನನ್ನನ್ನು ಮೈದಾನದ ಅಂಚಿನ ಬೆಂಚಿನವರೆಗೆ ಕರೆದುಕೊಂಡು ಹೋದ. ಅವನ ಕೈಗೆ ಚೆಂಡು ಬರುತ್ತಲೇ ಇರಲಿಲ್ಲ. ಚೆಂಡು ಹಿಡಿದವನ ಮೇಲೆ ಬೀಳಲು ಬರುವವರನ್ನು ತಡೆಯುವುದಷ್ಟೇ ಅವನ ಕೆಲಸ. ಕಬಡ್ಡಿ ಆಡಿಸಿದವನಾದ ನನಗೆ ಆ ಹಿಡಿತದ ಬೆಲೆ ತಿಳಿಯುತ್ತಿತ್ತು.

ತಂಡ ಸೋಲುತ್ತಲೇ ಹೋಯಿತು. ಅಕ್ಟೋಬರಿನಲ್ಲಿ ವಿಂಡ್ಸರ್ ಕಡೆಗಿನ ಒಂದು ಪಂದ್ಯದಲ್ಲಿ ಇಬ್ಬರು ಏಕಕಾಲಕ್ಕೆ ಅವನಿಗೆ ಗುದ್ದಿದರು. ಅವನು ಬಿದ್ದು, ಒಂದೆರಡು ಕ್ಷಣ ಅಲುಗಾಡದೆ ಇದ್ದು, ಎದ್ದು ಹೆಬ್ಬೆರಳು ತೋರಿಸಿದ. ಕೊನೆಯವರೆಗೂ ಆಡಿದ. ವಾಪಸು ಬರುವಾಗ 401 ನಂಬರಿನ ಹೆದ್ದಾರಿಯಲ್ಲಿ ಕಾಫಿಗೆಂದು ನಿಲ್ಲಿಸಿದ್ದೆ. ಟೈರು ನೋಡಲು ಬಸ್ಸಿನ ಹಿಂದಕ್ಕೆ ಹೋದರೆ ಅವನು ಬಂಪರು ಹಿಡಿದು ಬಗ್ಗಿ ವಾಂತಿ ಮಾಡುತ್ತಿದ್ದ. ನಾನು ನೀರು ಕೊಟ್ಟೆ. ಬಾಯಿ ಮುಕ್ಕಳಿಸಿ ಕೇಳಿದ:

"ಅಂಕಲ್‌ಜೀ, ಸ್ಕೋರು ಎಷ್ಟಾಯ್ತು?"

ತಮಾಷೆ ಎಂದುಕೊಂಡೆ. ಅವನು ನಿಜವಾಗಿಯೂ ಕಾಯುತ್ತಿದ್ದ.

"ಸೋತಿರಿ" ಎಂದೆ.

"ಯಾರಿಗೂ ಹೇಳ್ಬೇಡಿ. ಇನ್ನು ಎರಡೇ ಮ್ಯಾಚು. ಆಮೇಲೆ ಜೀವಮಾನದಲ್ಲಿ ನಾನು ಇದನ್ನ ಆಡಲ್ಲ. ಪ್ಲೀಸ್."

ಹೇಳುವುದಿಲ್ಲ ಎಂದು ಮಾತು ಕೊಟ್ಟೆ. ಇಲ್ಲಿಗೆ ಬಂದಾಗಿನಿಂದ ನನ್ನನ್ನು ಯಾರೂ ಹಾಗೆ ನಂಬಿ ಏನನ್ನೂ ಕೇಳಿರಲಿಲ್ಲ. ಈಗ ಯೋಚಿಸಿದರೆ, ಅವನ ಮೇಲಿನ ಕನಿಕರಕ್ಕಿಂತ ಆ ಹೆಮ್ಮೆಯೇ ನನ್ನ ಬಾಯಿ ಕಟ್ಟಿತೆಂದು ಕಾಣುತ್ತದೆ.

ಮೂರು ದಿನ ಕಳೆದ ಮೇಲೆ ಊಟಕ್ಕೆ ಕೂತಾಗ ಹೆಂಡತಿಗೆ ಹೇಳಿದೆ. ಅವಳು ಎಟೋಬಿಕೋಕ್‌ನ ಒಂದು ವೃದ್ಧಾಶ್ರಮದಲ್ಲಿ ಕೆಲಸ ಮಾಡುತ್ತಿದ್ದಳು. ಕೈಯಲ್ಲಿದ್ದ ರೊಟ್ಟಿಯನ್ನು ಹಾಗೇ ತಟ್ಟೆಗೆ ಇಟ್ಟಳು.

"ಮೂರು ದಿನ ಆತಲ್ರೀ! ನಮ್ಮಲ್ಲೆ ಯಾರರ ತಲಿಗೆ ಪೆಟ್ಟಾಗಿ ವಾಂತಿ ಆದ್ರ ಅರ್ಧಾ ತಾಸು ಸುದ್ದಾ ಕಾಯಂಗಿಲ್ಲ, ಡೈರೆಕ್ಟ್ ಎಮರ್ಜೆನ್ಸಿಗೇ ಕಳಸ್ತೀವಿ."

"ಮಾತು ಕೊಟ್ಟೀನಿ."

"ನೀವು ಮಾಸ್ತರ್ ಇದ್ದಾಗ ಸಾಲ್ಯಾಗಿನ ಹುಡುಗ ಹಿಂಗ ಬಿದ್ದಿದ್ರ, ಅವ ಬ್ಯಾಡಂದ ಅಂತ ಸುಮ್ನ ಬಿಡ್ತಿದ್ರೇನು?"

ಗುರುವಾರ ಶಿಫ್ಟು ಮುಗಿಸಿ ಅವರ ಪ್ರಾಕ್ಟೀಸಿನ ಮೈದಾನಕ್ಕೆ ಹೋದೆ. ಅವನು ಗೆಳೆಯರ ನಡುವೆ ನಗುತ್ತ ಓಡುತ್ತಿದ್ದ. ಬೇಲಿಯ ಆಚೆ ಹತ್ತು ನಿಮಿಷ ನಿಂತೆ. ಆರಾಮಾಗಿದ್ದಾನಲ್ಲ ಎಂದು ನನಗೆ ನಾನೇ ಹೇಳಿಕೊಂಡು ಕಾರು ತಿರುಗಿಸಿದೆ. ಆ ಶನಿವಾರ ಅವನು ಪೂರ್ತಿ ಆಡಿದನಂತೆ.

ಮರುವಾರ ಕಿಂಗ್‌ಸ್ಟನ್ನಿಗೆ ಹೊರಟಾಗ ಮೋಡ ಕವಿದಿತ್ತು. ಅವನು ಕಪ್ಪು ಕನ್ನಡಕ ಹಾಕಿಕೊಂಡು ಬಂದ. ಎಷ್ಟೋ ಸಲ ಹತ್ತಿದ ಬಸ್ಸಿನ ಮೆಟ್ಟಿಲನ್ನೇ ಎಡವಿದ. ದಾರಿಯುದ್ದಕ್ಕೂ ಕನ್ನಡಿಯಲ್ಲಿ ನೋಡಿದೆ. ಹಣೆಯನ್ನು ಮುಂದಿನ ಸೀಟಿಗೆ ಒತ್ತಿಕೊಂಡೇ ಇದ್ದ. ಮೈದಾನ ಮುಟ್ಟಿ ಎಲ್ಲರೂ ಬಟ್ಟೆ ಬದಲಿಸಲು ಒಳಗೆ ಹೋದಾಗ, ಗಾಯಗಳನ್ನು ನೋಡಿಕೊಳ್ಳುವ ತಂಡದ ಥೆರಪಿಸ್ಟ್ ಹೊರಗೆ ಡಬ್ಬಿಗಳನ್ನು ಇಳಿಸಿಕೊಳ್ಳುತ್ತಿದ್ದಳು. ಅವಳ ಬಳಿ ಹೋಗಿ, ನನ್ನ ಅರೆಬರೆ ಇಂಗ್ಲಿಷಿನಲ್ಲಿ ಎಲ್ಲವನ್ನೂ ಹೇಳಿಬಿಟ್ಟೆ.

"ನೀವಿದನ್ನ ನೋಡಿದ್ದು ಯಾವತ್ತು?" ಎಂದಳು.

"ಎರಡು ವಾರ ಆಯ್ತು."

ಬೈದಿದ್ದರೆ ಹಗುರಾಗುತ್ತಿತ್ತು. ಡಬ್ಬಿಯನ್ನು ಅಲ್ಲೇ ಬಿಟ್ಟು ಒಳಕ್ಕೆ ಓಡಿದಳು.

ಅವನನ್ನು ಆಡಲು ಬಿಡಲಿಲ್ಲ, ಅಲ್ಲಿಯ ಆಸ್ಪತ್ರೆಗೆ ಕರೆದೊಯ್ದರು. ಹೋಗುವ ಮುಂಚೆ ನನ್ನ ಎದುರಿಗೇ ಬಂದು ನಿಂತ. ಕಣ್ಣು ಕೆಂಪಾಗಿತ್ತು. "ನಿಮ್ಮನ್ನ ಅಂಕಲ್ ಅಂತಿದ್ದೆ" ಎಂದನಷ್ಟೆ. ತಂಡ ಆ ಪಂದ್ಯವನ್ನೂ ಸೋತಿತು. ವಾಪಸಿನ ದಾರಿಯಲ್ಲಿ ನನ್ನೊಂದಿಗೆ ಒಬ್ಬರೂ ಮಾತಾಡಲಿಲ್ಲ. ಇಳಿಯುವಾಗ ಡ್ರೈವರಿಗೆ ಹೇಳುವ ಥ್ಯಾಂಕ್ಸ್ ಕೂಡ ಯಾರ ಬಾಯಿಂದಲೂ ಬರಲಿಲ್ಲ. ಅಲ್ಲಿಗೆ ಸೀಸನ್ ಮುಗಿಯಿತು.

ಮಾರ್ಚಿನಲ್ಲಿ ಬ್ರ್ಯಾಂಪ್ಟನ್ನಿನ ಕಿರಾಣಿ ಅಂಗಡಿಯಲ್ಲಿ ಮೆಂತ್ಯದ ಸೊಪ್ಪು ಆರಿಸುತ್ತಿದ್ದೆ. ಒಬ್ಬ ಹೆಂಗಸು ಬಂದು, "ನೀವು ಟೀಮಿನ ಬಸ್ಸಿನವರಲ್ವಾ?" ಎಂದು ಹಿಂದಿಯಲ್ಲಿ ಕೇಳಿದಳು. ಅವನ ತಾಯಿ; ಮಗನನ್ನು ಬಸ್ಸಿಗೆ ಬಿಡಲು ಬಂದಾಗ ನನ್ನನ್ನು ಕಂಡಿದ್ದಳಂತೆ. ಮಗ ಎರಡು ತಿಂಗಳು ಪರದೆ ಎಳೆದ ಕೋಣೆಯಲ್ಲೇ ಇದ್ದನಂತೆ. ಬೆಳಕು ಕಂಡರೆ ತಲೆನೋವು, ಪುಸ್ತಕ ತೆರೆದರೆ ಅಕ್ಷರ ತೇಲುತ್ತವೆ. ಆ ವರ್ಷದ ಓದು ಬಿಟ್ಟಿದ್ದ. ಈಗ ಅಷ್ಟಿಷ್ಟು ಸುಧಾರಿಸಿ, ಮಾವನ ಟ್ರಕ್ಕುಗಳ ಆಫೀಸಿನಲ್ಲಿ ಅರ್ಧ ದಿನ ಕೂರುತ್ತಾನೆ. ಡಿಗ್ರಿ ಮುಗಿಸುತ್ತೇನೆ ಅನ್ನುತ್ತಾನೆ.

ಇಷ್ಟು ಹೇಳಿ ಅವಳು ಕೈ ಜೋಡಿಸಿದಳು. "ಡಾಕ್ಟರ್ ಹೇಳಿದ್ರು, ಅವತ್ತು ಇನ್ನೊಂದು ಏಟು ಬಿದ್ದಿದ್ರೆ ಉಳೀತಿರಲಿಲ್ಲವೋ ಏನೋ ಅಂತ. ನೀವು ಹೇಳಿದ್ದಕ್ಕೆ ನನ್ನ ಮಗ ಇದ್ದಾನೆ."

ಸುಮ್ಮನಿರಬಹುದಿತ್ತು. ಆಗಲಿಲ್ಲ.

"ಬೆಹೆನ್‌ಜೀ, ನಾನು ತಡವಾಗಿ ಹೇಳಿದೆ."

"ಎಷ್ಟು ತಡ?"

"ಎರಡು ವಾರ. ನಡುವೆ ಒಂದು ಮ್ಯಾಚು ಆಡಿದ. ನನಗೆ ಗೊತ್ತಿತ್ತು."

ಜೋಡಿಸಿದ ಕೈಗಳು ನಿಧಾನಕ್ಕೆ ಬಿಚ್ಚಿಕೊಂಡವು. ಅವಳು ತಳ್ಳುಗಾಡಿಯ ಹಿಡಿ ಹಿಡಿದಳು.

"ನಿಮಗೂ ಮಕ್ಕಳಿದ್ದಾರಾ?"

"ಒಬ್ಬಳು ಮಗಳು."

ತಲೆಯಾಡಿಸಿ, ಗಾಡಿ ತಳ್ಳಿಕೊಂಡು ಹೋದಳು.

ಮುಂದಿನ ಸೆಪ್ಟೆಂಬರಿನಲ್ಲಿ ಅದೇ ತಂಡದ ಟ್ರಿಪ್ಪು ಬೇಕೇ ಎಂದು ಕಂಪನಿಯವರು ಕೇಳಿದರು. ಒಲ್ಲೆ ಎನ್ನಬೇಕೆಂದೇ ಇದ್ದೆ, ಒಪ್ಪಿಕೊಂಡೆ. ಮೊದಲ ದಿನ ಹುಡುಗರೆಲ್ಲ ಕೂತ ಮೇಲೆ ಎದ್ದು ನಿಂತು, ಈ ಬಸ್ಸಿನ ಹಿಂದೆ ಯಾರು ವಾಂತಿ ಮಾಡಿದರೂ ಅದೇ ನಿಮಿಷ ಥೆರಪಿಸ್ಟಿಗೆ ಹೇಳುತ್ತೇನೆ, ಹೇಳಬೇಡಿ ಎಂದು ನನ್ನಿಂದ ಮಾತು ತೆಗೆದುಕೊಳ್ಳಬೇಡಿ ಎಂದೆ. ಹೊಸಬರು ನಕ್ಕರು. ಹಳಬರು ಕಿಟಕಿಯ ಕಡೆ ಮುಖ ತಿರುಗಿಸಿದರು.